ವರ್ಗಾವಣೆಯ ವ್ಯಾಜ್ಯ ಮತ್ತು ವರ್ತಕರ ಕಡತ

ಸಾಲದ ಅರ್ಜಿಯು ಮಂಜೂರಾತಿಯ ಹಂತಕ್ಕೆ ಬಂದಿರುವಾಗಲೇ ಬ್ಯಾಂಕಿನ ವ್ಯವಸ್ಥಾಪಕರು ವರ್ಗವಾಗುವುದು, ತೆರಿಗೆ ವಿಚಾರಣೆಯ ನಡುವೆಯೇ ಅಧಿಕಾರಿ ಬದಲಾಗುವುದು ವರ್ತಕರಿಗೂ ಸಣ್ಣ ಉದ್ದಿಮೆದಾರರಿಗೂ ಹೊಸತಲ್ಲ. ವರ್ಗವಾದವರು ನ್ಯಾಯಾಲಯದಿಂದ ತಡೆಯಾಜ್ಞೆ ತಂದರಂತೂ ಸಹಿ ಮಾಡತಕ್ಕವರು ಯಾರೆಂಬುದೇ ಕೆಲಕಾಲ ಅನಿಶ್ಚಿತವಾಗುತ್ತದೆ. ಇಂತಹ ವ್ಯಾಜ್ಯಗಳಲ್ಲಿ ಕಾನೂನಿನ ನಿಲುವೇನೆಂಬುದನ್ನು ಅರಿತಿರುವುದು ಲೇಸು.

ವರ್ಗಾವಣೆಯು ಸೇವೆಯ ಅಂಗವೆಂಬುದು ಮೂಲತತ್ತ್ವ. ಗುಜರಾತ್ ವಿದ್ಯುತ್ ಮಂಡಳಿಯ ಪ್ರಕರಣದಲ್ಲಿ (1989) ಸರ್ವೋಚ್ಚ ನ್ಯಾಯಾಲಯವು, ಮನವಿ ಸಲ್ಲಿಸಿದ ಮಾತ್ರಕ್ಕೆ ನೌಕರನು ಆದೇಶ ಪಾಲಿಸದಿರುವಂತಿಲ್ಲವೆಂದು ಹೇಳಿತು. ಕಡ್ಡಾಯವಾದ ಶಾಸನಬದ್ಧ ನಿಯಮದ ಉಲ್ಲಂಘನೆ ಅಥವಾ ದುರುದ್ದೇಶವಿದ್ದಲ್ಲಿ ಮಾತ್ರ ನ್ಯಾಯಾಲಯಗಳು ಪ್ರವೇಶಿಸಬೇಕೆಂಬುದು ಶಿಲ್ಪಿ ಬೋಸ್ ಪ್ರಕರಣದ (1991) ತೀರ್ಪು. ಪತಿಪತ್ನಿಯರನ್ನು ಒಂದೇ ಊರಿನಲ್ಲಿಡುವಂತಹ ಮಾರ್ಗಸೂಚಿಗಳು ನ್ಯಾಯಾಲಯದಲ್ಲಿ ಜಾರಿಗೊಳಿಸಬಹುದಾದ ಹಕ್ಕನ್ನು ನೀಡವೆಂದು ಎಸ್.ಎಲ್. ಅಬ್ಬಾಸ್ ಪ್ರಕರಣ (1993) ಸ್ಪಷ್ಟಪಡಿಸಿತು. ಶಾಸಕರ ಶಿಫಾರಸು ಇದ್ದ ಮಾತ್ರಕ್ಕೇ ವರ್ಗಾವಣೆ ಅಸಿಂಧುವಾಗದೆಂದು 2024ರಲ್ಲಿ ಪುಬಿ ಲೊಂಬಿ ಪ್ರಕರಣದಲ್ಲಿಯೂ ನ್ಯಾಯಾಲಯ ನುಡಿದಿದೆ.

ಆದರೆ ವರ್ಗಾವಣೆಯು ಶಿಕ್ಷೆಯ ಮುಸುಕಾಗಬಾರದು. ಕೇಂದ್ರ ಅಬಕಾರಿ ಇಲಾಖೆಯ ಅಧಿಕಾರಿಯೊಬ್ಬರನ್ನು ಅನಾಮಧೇಯ ದೂರಿನ ಆಧಾರದ ಮೇಲೆ ವರ್ಗಾಯಿಸಿದ್ದನ್ನು ಸೋಮೇಶ್ ತಿವಾರಿ ಪ್ರಕರಣದಲ್ಲಿ (2009) ರದ್ದುಪಡಿಸಲಾಯಿತು. ಪಂಜಾಬ್ ಅಂಡ್ ಸಿಂಧ್ ಬ್ಯಾಂಕಿನ 2020ರ ಪ್ರಕರಣ ಇನ್ನೂ ಗಮನಾರ್ಹ. ಇಂದೋರ್ ಶಾಖೆಯ ಮಹಿಳಾ ಅಧಿಕಾರಿಯೊಬ್ಬರು ಮದ್ಯದ ಗುತ್ತಿಗೆದಾರರ ಖಾತೆಗಳಲ್ಲಿನ ಅಕ್ರಮಗಳನ್ನು ವರದಿ ಮಾಡಿದ್ದರು. ಮೇಲಧಿಕಾರಿಯ ವಿರುದ್ಧ ಲೈಂಗಿಕ ಕಿರುಕುಳದ ದೂರನ್ನೂ ನೀಡಿದ್ದರು. ಅವರನ್ನು ಜಬಲ್ಪುರ ಜಿಲ್ಲೆಯ, ಕೆಳದರ್ಜೆಯ ಅಧಿಕಾರಿಗೆ ತಕ್ಕುದಾದ ಶಾಖೆಗೆ ಕಳುಹಿಸಲಾಯಿತು. ಇದು ಹಗೆ ಸಾಧಿಸುವ ಕ್ರಮವೆಂದು ಕಂಡ ಸರ್ವೋಚ್ಚ ನ್ಯಾಯಾಲಯವು ಅವರನ್ನು ಒಂದು ವರ್ಷ ಕಾಲ ಇಂದೋರಿಗೇ ಮರಳಿ ನಿಯೋಜಿಸುವಂತೆ ಆದೇಶಿಸಿ, 50,000 ರೂಪಾಯಿ ಖರ್ಚನ್ನೂ ಕೊಡಿಸಿತು.

ವರ್ತಕರು ಇದರಿಂದ ತಿಳಿಯಬೇಕಾದುದು ಮೂರು ಅಂಶ. ಒಂದು, ಅಧಿಕಾರಿಯಿಂದ ನಿಜವಾಗಿ ತೊಂದರೆಯಾಗಿದ್ದರೆ ದಾಖಲೆ ಸಹಿತ, ಹೆಸರು ಬರೆದು, ಸಹಿ ಹಾಕಿ ದೂರು ನೀಡಬೇಕು. ಹೆಸರಿಲ್ಲದ ಕಾಗದದ ಬಲದಿಂದ ಹೊರಟ ಆದೇಶ ನ್ಯಾಯಾಲಯದಲ್ಲಿ ನಿಲ್ಲುವುದು ಕಷ್ಟ. ಎರಡು, ಅಹವಾಲು ಕೇಳಿದವರೊಬ್ಬರು, ತೀರ್ಮಾನಿಸುವವರು ಇನ್ನೊಬ್ಬರು ಆಗಬಾರದೆಂಬುದು ಗುಲ್ಲಪಲ್ಲಿ ನಾಗೇಶ್ವರ ರಾವ್ ಪ್ರಕರಣದಲ್ಲಿ (1959) ಎತ್ತಿಹಿಡಿದ ನ್ಯಾಯತತ್ತ್ವ. ಆದಕಾರಣ ವಿಚಾರಣೆಯ ನಡುವೆ ಅಧಿಕಾರಿ ಬದಲಾದರೆ ಹೊಸಬರ ಮುಂದೆ ಮರುವಿಚಾರಣೆಯನ್ನು ಲಿಖಿತವಾಗಿ ಕೋರುವುದು ಉಚಿತ. ಮೂರು, ಮೌಖಿಕ ಭರವಸೆ ಕೊಟ್ಟವರ ಜೊತೆಗೇ ಹೊರಟುಹೋಗುತ್ತದೆ. ಮಂಜೂರಾತಿ ಪತ್ರ, ಸ್ವೀಕೃತಿ, ವಿಚಾರಣೆಯ ದಿನಾಂಕ ಇವೆಲ್ಲ ಬರವಣಿಗೆಯಲ್ಲಿರಲಿ. ಕುರ್ಚಿಯ ಮೇಲಿನವರು ಬದಲಾಗಬಹುದು. ಕಡತ ಸರಿಯಾಗಿದ್ದರೆ ವ್ಯವಹಾರ ನಿಲ್ಲಬೇಕಾಗಿಲ್ಲ.