‘ಆಗು’ ಅಂದರೆ ನಿಲ್ಲುವ ಬೆಲ್ಲ

ಬೇಸಿಗೆ ರಜೆಗೆ ಬೆಂಗಳೂರಿನಿಂದ ತಿರುಮಣಿಗೆ ಬಂದ ಮೊಮ್ಮಗ ಜೊತೆಗೆ ಒಂದು ಗಿನಿಪಿಗ್ ತಂದಿದ್ದ. ಹೆಸರು ಬೆಲ್ಲ, ಬಣ್ಣವೂ ಅದೇ. ಬಾಲವಿಲ್ಲ, ಕಾಲು ಗಿಡ್ಡ. ಆದರೆ ಪಂಜರದಿಂದ ಬಿಟ್ಟರೆ ಸೀದಾ ಮಂಚದ ಕೆಳಗೆ. ಎಪ್ಪತ್ತು ದಾಟಿದ ನನ್ನ ಮಂಡಿ ಅಲ್ಲಿಗೆ ಬಗ್ಗುವುದಿಲ್ಲ.

“ತಾತ, ನಿಲ್ಲು ಅಂದ್ರೆ ನಿಲ್ಲೋ ಹಾಗೆ ಕಲಿಸೋಣ” ಎಂದ ಮೊಮ್ಮಗ.

ಇಲಿಯಂಥ ಪ್ರಾಣಿಗೆ ಪಾಠ ಹತ್ತುತ್ತದೆಯೇ ಎನ್ನಬೇಡಿ ಮಕ್ಕಳೇ. ಮಗಾವಾ ಎಂಬ ಆಫ್ರಿಕಾದ ದೊಡ್ಡ ಇಲಿ ಕಾಂಬೋಡಿಯಾದಲ್ಲಿ ನೆಲಬಾಂಬುಗಳನ್ನು ಮೂಸಿ ಪತ್ತೆಹಚ್ಚಿ, 2020ರಲ್ಲಿ ಬ್ರಿಟನ್ನಿನ ಸಂಸ್ಥೆಯೊಂದರಿಂದ ಚಿನ್ನದ ಪದಕ ಪಡೆದಿತ್ತು! ಅಂಥ ಇಲಿಗಳು ಟಾಂಜಾನಿಯಾದಲ್ಲಿ ಕಲಿಯುತ್ತವೆ. ಸರಿಯಾಗಿ ಮಾಡಿದರೆ ‘ಟಕ್’ ಎಂಬ ಸದ್ದು, ಕೂಡಲೇ ಬಾಯಿಗೆ ಬಾಳೆಹಣ್ಣೋ ಕಡಲೆಕಾಯಿ ಬೀಜವೋ. ಹೊಡೆತ, ಬೈಗುಳ ಯಾವುದೂ ಇಲ್ಲ.

ನಾವೂ ಅದೇ ದಾರಿ ಹಿಡಿದೆವು. ನಮ್ಮ ಪಾವಗಡದ ಸೀಮೆಯಲ್ಲಿ ಕಡಲೆಕಾಯಿಗೆ ಬರವಿಲ್ಲ. ಆದರೆ ಅದರ ಜಿಡ್ಡು ಗಿನಿಪಿಗ್ಗಿಗೆ ಒಳ್ಳೆಯದಲ್ಲ, ಹಾಗಾಗಿ ಕೊತ್ತಂಬರಿ ಕಡ್ಡಿ. ಮೊದಲು ನಾಲಿಗೆಯಿಂದ ‘ಟಕ್’ ಎಂದು ಸದ್ದು ಮಾಡಿ ಕಡ್ಡಿ ಕೊಟ್ಟೆವು. ಟಕ್ ಅಂದರೆ ತಿಂಡಿ ಎಂದು ಅದಕ್ಕೆ ತಿಳಿಯಿತು. ಆಮೇಲೆ ಅದು ನಡೆಯುವಾಗ ಮೂತಿಯ ಮುಂದೆ ಕೈ ಅಡ್ಡ ಇಟ್ಟು ಮೆಲ್ಲಗೆ ಮಾತು ಹೇಳುವುದು. ನಿಂತ ಕ್ಷಣವೇ ಟಕ್, ಕಡ್ಡಿ. ಪಿಗ್ಮಿ ಠೇವಣಿಯ ಹಾಗೆ ದಿನಕ್ಕೆ ಐದೇ ನಿಮಿಷ.

ವಾರ ಕಳೆಯಿತು. ಹತ್ತು ಸಲ ಹೇಳಿದರೆ ಎರಡು ಸಲ ನಿಂತರೆ ಹೆಚ್ಚು. ಬ್ಯಾಂಕಿನಲ್ಲಿ ಲೆಕ್ಕ ತಾಳೆಯಾಗದಿದ್ದರೆ ಮನೆಗೆ ಹೋಗುತ್ತಿರಲಿಲ್ಲ ನಾವು. ಕೂತು ಹುಡುಕಿದೆ. ತಪ್ಪು ನಮ್ಮದೇ! ನಾನು ‘ನಿಲ್ಲು’ ಎನ್ನುತ್ತಿದ್ದೆ, ಮೊಮ್ಮಗ ‘ಸ್ಟಾಪ್’, ಅವನ ಅಜ್ಜಿ ತೆಲುಗಿನಲ್ಲಿ ‘ಆಗು’. ಗಡಿನಾಡಿನ ನಮಗೆ ಮೂರೂ ಒಂದೇ. ಬೆಲ್ಲನಿಗೆ ಅರ್ಥ ಬೇಕಿಲ್ಲ, ಸದ್ದು ಬೇಕು. ಅಂದಿನಿಂದ ಮನೆಮಂದಿಗೆಲ್ಲ ಒಂದೇ ಮಾತು: ‘ಆಗು’. ಕೈಯನ್ನೂ ದಿನದಿಂದ ದಿನಕ್ಕೆ ದೂರ ಸರಿಸಿದೆವು.

ಇನ್ನೊಂದು ಎಚ್ಚರಿಕೆ. ಗದರಿದರೂ ಗಿನಿಪಿಗ್ ಕಲ್ಲಿನಂತೆ ನಿಲ್ಲುತ್ತದೆ. ಅದು ವಿಧೇಯತೆಯಲ್ಲ, ಭಯ. ಹೆದರಿದ ಪ್ರಾಣಿ ಮರುಕ್ಷಣ ಎತ್ತ ಓಡುತ್ತದೋ ಹೇಳಲಾಗದು.

ರಜೆ ಮುಗಿಯುವ ಮುನ್ನಾದಿನ ಹಾಲಿನವರಿಗೆ ತೆರೆದ ಬಾಗಿಲನ್ನು ನಾನೇ ಹಾಕಲು ಮರೆತೆ. ಬೆಲ್ಲ ಹೊಸ್ತಿಲತ್ತ ಹೊರಟಿತ್ತು. ಜಗಲಿಯ ಮೇಲೆ ಬೀದಿ ಬೆಕ್ಕು ಹೊಂಚು ಹಾಕಿ ಕುಳಿತಿತ್ತು. ಮೊಮ್ಮಗ ಗಾಬರಿಯಲ್ಲಿ “ಸ್ಟಾಪ್! ಸ್ಟಾಪ್!” ಎಂದು ಕೂಗಿದ. ಅದು ಇನ್ನೂ ಜೋರಾಗಿ ಓಡಿತು. ಅಡುಗೆಮನೆಯಿಂದ ಅಜ್ಜಿ ಎಂದಿನ ದನಿಯಲ್ಲಿ “ಆಗು” ಎಂದಳು. ಬೆಲ್ಲ ನಿಂತಿತು, ಕಡ್ಡಿಗಾಗಿ ಮೂತಿ ಎತ್ತಿತು. ಮೊಮ್ಮಗ ಬಾಚಿ ಎತ್ತಿಕೊಂಡ. ಅವನ ಕೈ ನಡುಗುತ್ತಿತ್ತು.

ಅಜ್ಜಿ ಮೊದಲು ಕೊತ್ತಂಬರಿ ಕಡ್ಡಿ ಕೊಟ್ಟಳು, ಆಮೇಲೆ ನನ್ನತ್ತ ತಿರುಗಿ, “ಅದು ಪಾಠ ಕಲೀತು. ಬಾಗಿಲು ಹಾಕೋದು ನೀವು ಯಾವಾಗ ಕಲೀತೀರಿ?” ಎಂದಳು.