ಸದ್ದಿಲ್ಲದೆ ಉರುಳಿದ ಚಕ್ರ

ರೈಲು ಅಪಘಾತವೆಂದರೆ ಮೊದಲು ಎದೆ ನಡುಗಿಸುವುದು ಅದರ ಸದ್ದು. ಸದ್ದೇ ಇಲ್ಲದ ಮೂಕಿ ಚಿತ್ರದಲ್ಲಿ ಆ ಭೀತಿಯನ್ನು ಮೂಡಿಸುವುದು ಹೇಗೆ? ಫ್ರಾನ್ಸಿನ ನಿರ್ದೇಶಕ ಆಬೆಲ್ ಗಾನ್ಸ್ ಇದಕ್ಕೆ ಉತ್ತರ ಕಂಡುಕೊಂಡದ್ದು ಕತ್ತರಿಯಲ್ಲಿ. 1922ರ ಡಿಸೆಂಬರಿನಲ್ಲಿ ಪ್ಯಾರಿಸ್ಸಿನಲ್ಲಿ ಮೊದಲು ತೆರೆಕಂಡ ಅವನ ಚಿತ್ರ 'ಲಾ ರೂ'. ಹಾಗೆಂದರೆ ಚಕ್ರ.

ಚಿತ್ರ ಶುರುವಾಗುವುದೇ ರೈಲು ದುರಂತದಿಂದ. ಎಂಜಿನ್ ಚಾಲಕ ಸಿಸಿಫ್, ಅವಶೇಷಗಳ ನಡುವೆ ಸಿಕ್ಕ ಅನಾಥ ಮಗು ನಾರ್ಮಾಳನ್ನು ತನ್ನ ಮಗನ ಜೊತೆ ಮಗಳೆಂದೇ ಸಾಕುತ್ತಾನೆ. ಅವಳು ಬೆಳೆದಂತೆ ಅವನ ವಾತ್ಸಲ್ಯ ಮೋಹಕ್ಕೆ ತಿರುಗುತ್ತದೆ. ಅವಳನ್ನು ಮದುವೆಗೆ ಕರೆದೊಯ್ಯುವ ರೈಲನ್ನು ಅವನೇ ನಡೆಸುತ್ತಾನೆ. ಎಲ್ಲರನ್ನೂ ಕೊಂದು ತಾನೂ ಸಾಯುವ ಹುಚ್ಚಿನಲ್ಲಿ ವೇಗ ಏರಿಸುತ್ತಾನೆ.

ಗಾನ್ಸ್‌ನ ಕೈಚಳಕ ಇಲ್ಲಿದೆ. ತಿರುಗುವ ಚಕ್ರ, ಓಡುವ ಹಳಿ, ಹೊಗೆ, ನಾರ್ಮಾಳ ಮುಖ, ಸಿಸಿಫ್‌ನ ಕಣ್ಣು ಒಂದಾದ ಮೇಲೊಂದು ಬರುತ್ತವೆ. ವೇಗ ಏರಿದಂತೆ ಪ್ರತಿ ದೃಶ್ಯದ ತುಣುಕೂ ಮೊಟಕಾಗುತ್ತದೆ. ರೈಲಿನ ತಾಳ ಕಿವಿಗಲ್ಲ, ಕಣ್ಣಿಗೆ ಕೇಳಿಸುತ್ತದೆ. ಮುಂದೆ ಮಗ ಬೆಟ್ಟದಂಚಿನಿಂದ ಬೀಳುವಾಗಲಂತೂ ತುಣುಕುಗಳು ಒಂದೊಂದೇ ಚೌಕಟ್ಟಿಗೆ ಇಳಿಯುತ್ತವೆ. ಸಾಯುವವನ ನೆನಪುಗಳು ಮಿಂಚಿ ಮಾಯವಾಗುತ್ತವೆ.

ತೆರೆಯ ಹಿಂದೆಯೂ ಒಂದು ದುರಂತ ನಡೆದಿತ್ತು. ಗಾನ್ಸ್‌ನ ಸಂಗಾತಿ ಇದಾ ದಾನಿಸ್ ಕ್ಷಯದಿಂದ ನರಳುತ್ತಿದ್ದಳು. ನೀಸ್ ನಗರದ ರೈಲು ಯಾರ್ಡಿನಲ್ಲಿ, ಹಳಿಗಳ ನಡುವೆಯೇ ಸಿಸಿಫ್‌ನ ಮನೆ ಕಟ್ಟಿ ಚಿತ್ರೀಕರಿಸಿದ ತಂಡ ಬಳಿಕ ಮಾಂಟ್ ಬ್ಲಾಂಕ್ ಬೆಟ್ಟಗಳಿಗೆ ಹೋಯಿತು. ಇದಾಳ ಆರೋಗ್ಯಕ್ಕೂ ಆ ಹವೆ ಬೇಕಿತ್ತು. ಆದರೂ 1921ರ ಏಪ್ರಿಲಿನಲ್ಲಿ ಅವಳು ತೀರಿಕೊಂಡಳು. ಸಿಸಿಫ್ ಪಾತ್ರ ಮಾಡಿದ ಸೆವೆರಾನ್ ಮಾರ್ಸ್ ಕೂಡ ಅದೇ ವರ್ಷದ ಜುಲೈನಲ್ಲಿ ನಿಧನನಾದ. ಇಬ್ಬರೂ ಚಿತ್ರ ತೆರೆಕಂಡದ್ದನ್ನು ನೋಡಲಿಲ್ಲ.

ಹಲವು ಗಂಟೆಗಳ ಚಿತ್ರವನ್ನು ಮುಂದೆ ಕತ್ತರಿಸಿ ಕಿರಿದುಗೊಳಿಸಲಾಯಿತು. ಚದುರಿದ ಪ್ರತಿಗಳನ್ನು ಕೂಡಿಸಿ ಸುಮಾರು ಏಳು ಗಂಟೆಯ ಆವೃತ್ತಿಯನ್ನು 2019ರಲ್ಲಿ ಮತ್ತೆ ತೋರಿಸಲಾಯಿತು.

ಕೊನೆಯಲ್ಲಿ ಕುರುಡನಾದ ಸಿಸಿಫ್ ಬೆಟ್ಟದ ಗುಡಿಸಲಿನ ಕಿಟಕಿಯ ಬಳಿ ಕುಳಿತು ಸದ್ದಿಲ್ಲದೆ ಪ್ರಾಣ ಬಿಡುತ್ತಾನೆ. ಹೊರಗೆ ಹಿಮದ ಮೇಲೆ ನಾರ್ಮಾ ಹಳ್ಳಿಗರ ಕೈಹಿಡಿದು ಸುತ್ತು ಕುಣಿಯುತ್ತಿರುತ್ತಾಳೆ. ಕಬ್ಬಿಣದ ಹಳಿಯ ಮೇಲೆ ಆರಂಭವಾದ ಚಕ್ರ ಮನುಷ್ಯರ ಕೈಗಳಲ್ಲಿ ತಿರುಗುತ್ತಿರುತ್ತದೆ.