ಇಂಡಿಯಾ ಸ್ಟ್ರೀಟಿನ ಇಟಲಿ

ಸ್ಯಾನ್ ಡಿಯೇಗೊ ನಗರದಲ್ಲಿ ಇಟಲಿಯವರ ಕೇರಿಯ ನಡುಬೀದಿಗೆ ಇಂಡಿಯಾ ಸ್ಟ್ರೀಟ್ ಎಂದು ಹೆಸರು. ಬೀದಿಗೆ ಅಡ್ಡಲಾಗಿ ‘ಲಿಟ್ಲ್ ಇಟಲಿ’ ಎಂಬ ದೊಡ್ಡ ಫಲಕ ತೂಗುತ್ತದೆ, ಮೂಲೆಯ ಕಂಬದಲ್ಲಿ ನಮ್ಮ ದೇಶದ ಹೆಸರು. ಅಲ್ಲಿಂದ ಇಳಿಜಾರಿನಲ್ಲಿ ಕಡಲಿನ ಕಡೆ ಸ್ವಲ್ಪ ಹೊತ್ತು ನಡೆದರೆ ‘ಸ್ಟಾರ್ ಆಫ್ ಇಂಡಿಯಾ’ ಎಂಬ ಹಾಯಿಹಡಗು ನಿಂತಿದೆ. ವಯಸ್ಸು ನೂರಾ ಅರವತ್ತು ದಾಟಿದೆ. ಇಟಲಿ ನೋಡಲು ಹೋದವಳಿಗೆ ಒಂದೇ ಬೆಳಿಗ್ಗೆ ಎರಡು ಇಂಡಿಯಾ ಸಿಕ್ಕಿದವು. ಊರಿಗೆ ಮರಳಿದ ಮೇಲೂ ಕಂಡಕಂಡವರಿಗೆಲ್ಲ ಅದನ್ನೇ ಹೇಳುತ್ತಿದ್ದೇನೆ.

ಹಡಗಿನ ಮಾತು ಆಮೇಲೆ, ಮೊದಲು ನಡಿಗೆ.

ದಕ್ಷಿಣ ಕ್ಯಾಲಿಫೋರ್ನಿಯಾಕ್ಕೆ ಮಕ್ಕಳ ಮನೆಗೆಂದು ಹೋಗಿಬಂದವರಿಗೆ ಗೊತ್ತು, ಅಲ್ಲಿ ಹಾಲು ತರುವುದಕ್ಕೂ ಕಾರು ಹೊರಡಬೇಕು. ಅಂಥ ನಾಡಿನಲ್ಲಿ ಎಂಟು-ಹತ್ತು ಮಂದಿ ಸೇರಿ, ಕೇರಿ ಬಲ್ಲವರೊಬ್ಬರ ಹಿಂದೆ ಅರ್ಧ ಬೆಳಗು ನಡೆಯುತ್ತೇನೆ ಎಂದಾಗ ನನ್ನ ಅಕ್ಕನ ಮಗಳಿಗೆ ಅದು ಸರಿ ಕಾಣಲಿಲ್ಲ. “ಚಿಕ್ಕಮ್ಮ, ಕಾರಲ್ಲೇ ಒಂದು ಸುತ್ತು ಹಾಕಿಸ್ತೀನಿ. ಹತ್ತು ನಿಮಿಷದ ಕೆಲಸ” ಅಂದಳು. ಕೊನೆಗೆ ಅವಳೂ ನಡೆಯಲು ಬಂದಳು. ಆ ಕೇರಿ ಹತ್ತು ನಿಮಿಷಕ್ಕೆ ಮುಗಿಯುವಷ್ಟು ಚಿಕ್ಕದಾದದ್ದು ಹೇಗೆ ಎಂಬುದು ನಡೆದಾಗಲೇ ತಿಳಿಯಿತು.

ರೋಮ್, ಫ್ಲಾರೆನ್ಸ್, ವೆನಿಸ್‌ಗಳಲ್ಲಿ ಸಣ್ಣ ಗುಂಪಿನ ನಡಿಗೆ ಈಗ ಪ್ರವಾಸದ ಸಾಮಾನ್ಯ ಭಾಗ. ಬಾವುಟ ಎತ್ತಿ ಹಿಡಿದ ಗೈಡಿನ ಹಿಂದೆ ಐವತ್ತು ಜನ ಓಡುವುದಕ್ಕಿಂತ ಅದು ಎಷ್ಟೋ ಮೇಲು. ಒಂದು ಬಾಗಿಲ ಮುಂದೆ ನಿಂತುಬಿಡಬಹುದು, ನಡುವೆ ಪ್ರಶ್ನೆ ಕೇಳಬಹುದು, ಉತ್ತರ ಸಾಲದಿದ್ದರೆ ಮತ್ತೆ ಕೇಳಬಹುದು. ವಲಸೆ ಬಂದವರ ಕೇರಿಗಳಿಗೆ ಈ ಕ್ರಮ ಇನ್ನೂ ಹೆಚ್ಚು ಒಗ್ಗುತ್ತದೆ ಎಂದು ನನಗೆ ಅನಿಸಿದ್ದು ಲಾಸ್ ಏಂಜಲೀಸ್‌ನಲ್ಲಿ. ಏಕೆಂದರೆ ಇಂಥ ಕೇರಿಗಳಲ್ಲಿ ನೋಡಬೇಕಾದದ್ದು ಹೆಚ್ಚಾಗಿ ಗೋಡೆಯ ಹಿಂದೆ ಇರುತ್ತದೆ, ಇಲ್ಲವೇ ಸುಣ್ಣದ ಕೆಳಗೆ.

ಲಾಸ್ ಏಂಜಲೀಸ್‌ನ ಯೂನಿಯನ್ ಸ್ಟೇಷನ್‌ನಿಂದ ಹೊರಬಂದು ರಸ್ತೆ ದಾಟಿದರೆ ಆ ಊರು ಹುಟ್ಟಿದ ಜಾಗ. 1781ರಲ್ಲಿ 44 ಮಂದಿ ಬಂದು ನೆಲೆಸಿದ ಹಳ್ಳಿಯ ನೆನಪಿಗೆ ಉಳಿಸಿಕೊಂಡಿರುವ ಚೌಕ. ‘ಲಾಸ್ ಆಂಜೆಲಿಟಾಸ್ ಡೆಲ್ ಪ್ವೆಬ್ಲೊ’ ಎಂಬ ಸ್ವಯಂಸೇವಕರ ಬಳಗ ಇಲ್ಲಿ ಹಣ ಪಡೆಯದೆ ನಡಿಗೆ ಮಾಡಿಸುತ್ತದೆ. ಪಕ್ಕದ ಓಲ್ವೆರಾ ಸ್ಟ್ರೀಟನ್ನು ಕ್ರಿಸ್ಟೀನ್ ಸ್ಟರ್ಲಿಂಗ್ ಎಂಬಾಕೆ 1930ರಲ್ಲಿ ಮೆಕ್ಸಿಕನ್ ಸಂತೆಯಾಗಿ ರೂಪಿಸಿದರು, ಬಂದವರೆಲ್ಲ ಹಾಗೆಯೇ ನೋಡಿ ಹೋಗುತ್ತಾರೆ. ಅದಕ್ಕೂ ಮುಂಚೆ ಅದು ಇಟಲಿಯವರ ಬೀದಿಯೂ ಆಗಿತ್ತು. ವೈನ್ ತಯಾರಿಸುತ್ತಿದ್ದ ಪೆಲಂಕೋನಿ ಕುಟುಂಬದ ಮನೆ ಇನ್ನೂ ನಿಂತಿದೆ. 1850ರ ದಶಕದ ಆ ಮನೆ, ಸುಟ್ಟ ಇಟ್ಟಿಗೆಯ ಕಟ್ಟಡಗಳಲ್ಲಿ ಊರಿನ ಅತ್ಯಂತ ಹಳೆಯದು. ಬೀದಿಯ ಉತ್ತರದ ತುದಿಯಲ್ಲಿ 1908ರ ಇಟಾಲಿಯನ್ ಹಾಲ್. ಮದುವೆ, ನಾಟಕ, ಸಂಗೀತ ನಡೆಯುತ್ತಿದ್ದ ಆ ಸಭಾಂಗಣದಲ್ಲೇ ಎಮ್ಮಾ ಗೋಲ್ಡ್‌ಮನ್, ರಿಕಾರ್ಡೊ ಫ್ಲೋರೆಸ್ ಮಗೋನ್‌ರಂಥ ಕ್ರಾಂತಿಕಾರಿಗಳು ಭಾಷಣ ಮಾಡಿದರು. ಈಗ ಅದು ಇಟಾಲಿಯನ್ ಅಮೆರಿಕನ್ನರ ವಸ್ತುಸಂಗ್ರಹಾಲಯ. 2016ರಲ್ಲಿ ತೆರೆಯಿತು.

ಆ ಹಾಲಿನ ಮಹಡಿಯ ಹೊರಗೋಡೆಯ ಮೇಲೆ 1932ರಲ್ಲಿ ಮೆಕ್ಸಿಕೊದ ಚಿತ್ರಕಾರ ದವಿದ್ ಅಲ್ಫಾರೊ ಸಿಕೇರೋಸ್ ‘ಅಮೆರಿಕಾ ಟ್ರೊಪಿಕಾಲ್’ ಬರೆದರು. ಸುಮಾರು 80 ಅಡಿ ಉದ್ದ, 18 ಅಡಿ ಎತ್ತರ. ಬರೆಸಿದವರ ಮನಸ್ಸಿನಲ್ಲಿದ್ದದ್ದು ಗಿಳಿ, ಹಣ್ಣು, ತೆಂಗು ತುಂಬಿದ ಸುಖದ ಕಾಡು. ಕೆಲಸದ ಕೊನೆಯಲ್ಲಿ ಸಿಕೇರೋಸ್ ಗೋಡೆಯ ನಟ್ಟನಡುವೆ ಬರೆದದ್ದು ಶಿಲುಬೆಗೆ ಕಟ್ಟಿದ ಮೂಲನಿವಾಸಿಯೊಬ್ಬನನ್ನು, ಅವನ ತಲೆಯ ಮೇಲೆ ಅಮೆರಿಕದ ಹದ್ದು. ಬೀದಿಯಿಂದ ಕಾಣುವ ಭಾಗಕ್ಕೆ ಬಹುಬೇಗ ಸುಣ್ಣ ಬಿತ್ತು, ಕೆಲವು ವರ್ಷಗಳಲ್ಲಿ ಇಡೀ ಚಿತ್ರವೇ ಮರೆಯಾಯಿತು. ಗೆಟ್ಟಿ ಸಂಸ್ಥೆಯ ಸಂರಕ್ಷಣಾ ತಜ್ಞರು ಮತ್ತು ನಗರಾಡಳಿತ ಸೇರಿ ಅದನ್ನು ಮತ್ತೆ ಜನರಿಗೆ ತೋರಿಸಿದ್ದು 2012ರಲ್ಲಿ, ಸರಿಯಾಗಿ 80 ವರ್ಷಕ್ಕೆ. ಬಣ್ಣ ಬಹಳ ಹೋಗಿದೆ. ಹೊಸ ಬಣ್ಣ ತುಂಬದೆ, ಉಳಿದಿದ್ದನ್ನು ಉಳಿದಂತೆಯೇ ಕಾಪಾಡಿದ ಅವರ ನಿರ್ಧಾರ ನನಗೆ ಬಹಳ ಮೆಚ್ಚುಗೆಯಾಯಿತು. ನಮ್ಮಲ್ಲಿ ಹಳೆಯ ಗುಡಿಗಳ ಭಿತ್ತಿಚಿತ್ರಗಳಿಗೆ ಎನಾಮೆಲ್ ಪೇಂಟ್ ಬಳಿಯುವವರಿಗೆ ಈ ಗೋಡೆಯನ್ನು ತೋರಿಸಬೇಕು.

ಯೂನಿಯನ್ ಸ್ಟೇಷನ್‌ನಿಂದ ಪೆಸಿಫಿಕ್ ಸರ್ಫ್‌ಲೈನರ್ ರೈಲು ಹತ್ತಿದರೆ ಸ್ಯಾನ್ ಡಿಯೇಗೊಗೆ ಸುಮಾರು 200 ಕಿಲೋಮೀಟರ್, ಮೂರು ಗಂಟೆ. ದಾರಿಯಲ್ಲಿ ಎಷ್ಟೋ ದೂರ ಹಳಿಯ ಪಕ್ಕದಲ್ಲೇ ಸಮುದ್ರ. ಇಳಿಯುವುದು 1915ರ ಸಾಂಟಾ ಫೆ ಡಿಪೋದಲ್ಲಿ. ಅಲ್ಲಿಂದ ಲಿಟ್ಲ್ ಇಟಲಿಗೆ ನಡೆದೇ ಹೋಗಬಹುದು. ಅಡ್ಡಬೀದಿಗಳಿಗೆ ಮರಗಿಡಗಳ ಹೆಸರು, ಅದೂ ಇಂಗ್ಲಿಷ್ ಅಕ್ಷರಮಾಲೆಯ ಕ್ರಮದಲ್ಲಿ: ಆಶ್, ಬೀಚ್, ಸೀಡರ್, ಡೇಟ್, ಎಲ್ಮ್, ಫರ್, ಗ್ರೇಪ್, ಹಾಥಾರ್ನ್. ಗೊತ್ತಿಲ್ಲದ ಊರಿನಲ್ಲಿ ದಾರಿ ತಪ್ಪದೆ ನಡೆಯಲು ಇದಕ್ಕಿಂತ ಒಳ್ಳೆಯ ಉಪಾಯವನ್ನು ನಾನು ಕಂಡಿಲ್ಲ.

ನಮ್ಮನ್ನು ನಡೆಸಿದಾಕೆ ಬಿಳಿಗೂದಲಿನ, ಮೆಲುದನಿಯ ಹೆಂಗಸು. ಗುಂಪು ಸೇರಿದ್ದು ‘ಅವರ್ ಲೇಡಿ ಆಫ್ ದ ರೋಸರಿ’ ಚರ್ಚಿನ ಮೆಟ್ಟಿಲ ಬಳಿ. 1925ರ ಚರ್ಚು, ಮೀನುಗಾರರ ಕಾಲದ್ದು. ಒಳಗಿನ ಚಿತ್ರಗಳು ವೆನಿಸ್‌ನ ಫೌಸ್ಟೊ ತಾಸ್ಕಾ ಬರೆದವು, ಪ್ರತಿಮೆಗಳು ಫ್ಲಾರೆನ್ಸ್‌ನ ಕಾರ್ಲೊ ರೊಮನೆಲ್ಲಿಯವು. ದೋಣಿ ನಡೆಸುತ್ತಿದ್ದ ಜನ ತಮ್ಮ ದೇಶದ ಕಲಾವಿದರನ್ನೇ ಕರೆಸಿ ಬರೆಸಿದ್ದಾರೆ. ಅಲ್ಲಿ ಕೂತು ತಲೆ ಎತ್ತಿದವಳು ಎದ್ದೇಳಲು ಮನಸ್ಸಾಗದೆ ಕೂತೇ ಇದ್ದೆ. ಗುಂಪು ಚಿಕ್ಕದಾಗಿದ್ದರಿಂದ ಯಾರೂ ಅವಸರ ಮಾಡಲಿಲ್ಲ.

ಮೊದಲು ಜಿನೋವಾ ಕಡೆಯವರು, ಆಮೇಲೆ ಸಿಸಿಲಿಯವರು, 1906ರ ಭೂಕಂಪದ ನಂತರ ಸ್ಯಾನ್ ಫ್ರಾನ್ಸಿಸ್ಕೊದಿಂದ ಇನ್ನಷ್ಟು ಜನ, ಹೀಗೆ ತುಂಬಿತು ಈ ಕೇರಿ. ಒಂದು ಕಾಲಕ್ಕೆ ಆರು ಸಾವಿರ ಇಟಾಲಿಯನ್ ಕುಟುಂಬಗಳಿದ್ದವು ಎನ್ನುತ್ತಾರೆ. ಪೋರ್ಚುಗೀಸರು, ಜಪಾನೀಯರ ಜೊತೆ ಸೇರಿ ಇವರು ಈ ಊರನ್ನು ಟ್ಯೂನಾ ಮೀನಿನ ರಾಜಧಾನಿ ಮಾಡಿದರು. ಆಗಿನ ಮೀನುಗಾರಿಕೆಯ ವಿವರವನ್ನು ನಮ್ಮನ್ನು ನಡೆಸಿದಾಕೆ ಕೈಯಾಡಿಸಿ ತೋರಿಸಿದಳು. ದೋಣಿಯ ಹಿಂಬದಿಗೆ ಹೊರಚಾಚಿ ಕಟ್ಟಿದ ಕಬ್ಬಿಣದ ಅಟ್ಟಣೆ, ಹೆಚ್ಚುಕಡಿಮೆ ನೀರಿನ ಮಟ್ಟಕ್ಕೆ. ಅದರಲ್ಲಿ ಸಾಲಾಗಿ ನಿಂತ ಗಂಡಸರ ಕೈಯಲ್ಲಿ ಬಿದಿರಿನ ಗಳು. ಬೂತಾಯಿ ಜಾತಿಯ ಜೀವಂತ ಮೀನನ್ನು ಎರಚಿದರೆ ಟ್ಯೂನಾ ಹಿಂಡು ಮುಗಿಬೀಳುತ್ತದೆ. ಕೊಕ್ಕೆಗೆ ಹಿಮ್ಮುಳ್ಳಿಲ್ಲ, ಹಾಗಾಗಿ ಬೀಸಿ ಎಳೆದ ಮೀನು ತಲೆಯ ಮೇಲಿಂದ ಹಾರಿ ದೋಣಿಯ ಅಟ್ಟದ ಮೇಲೆ ತಾನಾಗಿ ಕಳಚಿ ಬೀಳುತ್ತದೆ. ಮೀನು ಭಾರವಾದಂತೆ ಒಂದೇ ಕೊಕ್ಕೆಗೆ ಎರಡು ಗಳು, ಮೂರು ಗಳು, ಕೆಲವೊಮ್ಮೆ ನಾಲ್ಕು. ನಾಲ್ವರೂ ಒಂದೇ ಉಸಿರಿಗೆ ಎಳೆಯಬೇಕು, ಒಬ್ಬ ತಡಮಾಡಿದರೂ ಮೀನು ಹೋಯಿತು.

ಎರಡನೇ ಮಹಾಯುದ್ಧದಲ್ಲಿ ಇಟಲಿ ಶತ್ರುದೇಶವಾದದ್ದರಿಂದ, ಪೌರತ್ವ ಪಡೆಯದಿದ್ದ ಇಟಲಿಯವರಿಗೆ 1942ರಲ್ಲಿ ಕ್ಯಾಲಿಫೋರ್ನಿಯಾ ಕರಾವಳಿಯ ಎಷ್ಟೋ ಕಡೆ ಕಾಲಿಡಲು ನಿಷೇಧ ಬಂತು. ದೊಡ್ಡ ಟ್ಯೂನಾ ದೋಣಿಗಳನ್ನು ನೌಕಾಪಡೆ ತೆಗೆದುಕೊಂಡಿತು. ಯುದ್ಧ ಮುಗಿದ ಮೇಲೆ ಗಳುಗಳ ಜಾಗಕ್ಕೆ ಹಿಂಡನ್ನೇ ಸುತ್ತುವರಿಯುವ ನೈಲಾನ್ ಪರ್ಸೀನ್ ಬಲೆಗಳು. ಮಲ್ಪೆ, ಮಂಗಳೂರಿನವರಿಗೆ ಮುಂದಿನದನ್ನು ವಿವರಿಸಬೇಕಾಗಿಲ್ಲ. 1970ರ ದಶಕದ ಕೊನೆಯಲ್ಲಿ ನಮ್ಮ ಕರಾವಳಿಗೆ ಪರ್ಸೀನ್ ಬೋಟುಗಳು ಬಂದು, ಊರಿಗೆ ಊರೇ ಸೇರಿ ಎಳೆಯುತ್ತಿದ್ದ ರಂಪಣಿ ಬಲೆ ಮೂಲೆಗೆ ಸರಿದದ್ದನ್ನು ಅವರು ಕಣ್ಣಾರೆ ಕಂಡಿದ್ದಾರೆ. ಸ್ಯಾನ್ ಡಿಯೇಗೊದಲ್ಲಿ ಬಲೆಗೆ ಡಾಲ್ಫಿನ್‌ಗಳೂ ಬಿದ್ದವು, ಅವುಗಳನ್ನು ಕಾಪಾಡಲು 1972ರಲ್ಲಿ ಕಾನೂನು ಬಂತು, 1980ರ ದಶಕದಲ್ಲಿ ಮೀನಿನ ಡಬ್ಬಿ ಕಾರ್ಖಾನೆಗಳು ಬಾಗಿಲು ಹಾಕಿದವು.

ಅಷ್ಟರಲ್ಲಿ ಕೇರಿಯೇ ತುಂಡಾಗಿತ್ತು. 1960ರ ದಶಕದಲ್ಲಿ ಐದನೇ ನಂಬರಿನ ಅಂತರರಾಜ್ಯ ಹೆದ್ದಾರಿ ಹಾದು, ಲಿಟ್ಲ್ ಇಟಲಿಯ ಮೂರನೇ ಒಂದಕ್ಕಿಂತ ಹೆಚ್ಚು ಭಾಗವನ್ನು ನುಂಗಿತು. ಬೀದಿ ಏರುತ್ತ ಹೋಗಿ ತಟಕ್ಕನೆ ನಿಲ್ಲಬೇಕಾದ ಜಾಗಕ್ಕೆ ಆಕೆ ನಮ್ಮನ್ನು ಕರೆದೊಯ್ದಳು. ಕೆಳಗೆ ವಾಹನಗಳ ಹೊಳೆ. ಮನೆಗಳಿದ್ದ ದಿಕ್ಕಿಗೆ ಕೈ ತೋರಿಸಿದಳು, ಇದ್ದವರ ಕಸುಬು ಹೇಳಿದಳು. ಅಕ್ಕನ ಮಗಳು ದಿನವೂ ಕೆಲಸಕ್ಕೆ ಹೋಗುವುದು ಅದೇ ಹೆದ್ದಾರಿಯಲ್ಲಿ. “ನಾನು ಇಷ್ಟು ವರ್ಷ ಇವರ ಅಡುಗೆಮನೆ ಮೇಲೆ ಓಡಾಡ್ತಿದ್ದೆನಾ ಚಿಕ್ಕಮ್ಮ?” ಅಂದಳು. ನಾನು ಏನೂ ಹೇಳಲಿಲ್ಲ, ಅವಳ ಕೈ ಹಿಡಿದುಕೊಂಡೆ.

ಈಗಿನ ಸೊಗಸು 1996ರಲ್ಲಿ ಸ್ಥಳೀಯರು ಸಂಘ ಕಟ್ಟಿಕೊಂಡ ಮೇಲಿನದು. ಹೊಸ ಫ್ಲ್ಯಾಟುಗಳು, ಕಾರಂಜಿಯ ಚೌಕ, ಶನಿವಾರದ ರೈತರ ಸಂತೆ. 1950ರಿಂದ ನಡೆದುಬಂದ ಫಿಲಿಪ್ಪೀಸ್ ಪಿಟ್ಸಾ ಅಂಗಡಿಯಂಥವು ಕೆಲವಿವೆ, ಉಳಿದ ಹೋಟೆಲುಗಳಲ್ಲಿ ಬಹುಪಾಲು ಹೊಸವು. ಇಲ್ಲಿ ಇಟಾಲಿಯನ್ ಮಾತಾಡುವವರು ಎಷ್ಟು ಜನ ಎಂಬ ಅನುಮಾನ ನನಗಿದೆ, ಅಷ್ಟು ಬಾಡಿಗೆ ಕೊಡುವ ಶಕ್ತಿ ಯಾವ ಮೀನುಗಾರನಿಗೂ ಇರಲಾರದು. ಆದರೂ ಚರ್ಚಿನಲ್ಲಿ ಮದುವೆ ನಡೆಯುತ್ತದೆ, ಪಾರ್ಕಿನಲ್ಲಿ ಮುದುಕರು ಬೊಚ್ಚೆ ಎಂಬ ಚೆಂಡಾಟ ಆಡುತ್ತಾರೆ. ಕೇರಿ ಬಿಟ್ಟು ಹೋದವರು ಭಾನುವಾರ ಮರಳುತ್ತಾರೆ ಎಂದು ಆಕೆ ಹೇಳಿದಾಗ ನಂಬಿದೆ.

ಇನ್ನು ಹಡಗು. ನಡಿಗೆಯ ಪಟ್ಟಿಯಲ್ಲಿ ಅದಿರಲಿಲ್ಲ, ನಾವೇ ಆಶ್ ಸ್ಟ್ರೀಟ್ ಹಿಡಿದು ಇಳಿದೆವು. ಮರದ ಹಡಗುಗಳೇ ಹೆಚ್ಚಿದ್ದ ಕಾಲದಲ್ಲಿ, 1863ರ ನವೆಂಬರ್‌ನಲ್ಲಿ, ಐಲ್ ಆಫ್ ಮ್ಯಾನ್‌ನ ರಾಮ್ಸೆಯಲ್ಲಿ ಕಬ್ಬಿಣದಿಂದ ಕಟ್ಟಿ ನೀರಿಗಿಳಿಸಿದ್ದು. ಆಗಿನ ಹೆಸರು ಯೂಟರ್ಪೆ, ಗ್ರೀಕರ ಸಂಗೀತದೇವತೆ. ಮೊದಲ ಪಯಣ ಕಲ್ಕತ್ತೆಗೆ. ವೇಲ್ಸ್ ದಾಟುವುದರೊಳಗೆ ದೀಪವಿಲ್ಲದ ಸ್ಪ್ಯಾನಿಷ್ ಹಡಗಿಗೆ ಡಿಕ್ಕಿ, ನಾವಿಕರ ದಂಗೆ, 17 ಮಂದಿಗೆ ಸೆರೆ. 1865ರ ಎರಡನೇ ಪಯಣದಲ್ಲಿ ಮದ್ರಾಸಿನಾಚೆ ಬಂಗಾಳಕೊಲ್ಲಿಯ ಚಂಡಮಾರುತಕ್ಕೆ ಸಿಕ್ಕಿತು. ಹಡಗು ಉಳಿಯಲೆಂದು ಕಂಬಗಳನ್ನೇ ಕಡಿದು ಸಮುದ್ರಕ್ಕೆ ಉರುಳಿಸಿದರು. ಹೇಗೋ ಟ್ರಿಂಕೋಮಲಿ ಮುಟ್ಟಿ, ಕಲ್ಕತ್ತೆಯಲ್ಲಿ ರಿಪೇರಿಯಾಗಿ ಹೊರಟರೆ ಮರಳುವ ದಾರಿಯಲ್ಲಿ ಕ್ಯಾಪ್ಟನ್ ವಿಲಿಯಂ ಜಾನ್ ಸ್ಟೋರಿ ತೀರಿಕೊಂಡರು. ಆಮೇಲೂ ಹಡಗು ನಾಲ್ಕು ಬಾರಿ ಭಾರತಕ್ಕೆ ಬಂತು. 1871ರಿಂದ ಕಾಲು ಶತಮಾನ ನ್ಯೂಜಿಲೆಂಡಿಗೆ ವಲಸಿಗರನ್ನು ಸಾಗಿಸುತ್ತ 21 ಸಲ ಭೂಮಿ ಸುತ್ತಿತು.

ಇಪ್ಪತ್ತನೇ ಶತಮಾನದ ಮೊದಲಿಗೆ ಅದನ್ನು ಕೊಂಡದ್ದು ಅಲಾಸ್ಕಾ ಪ್ಯಾಕರ್ಸ್ ಎಂಬ ಸಾಲ್ಮನ್ ಡಬ್ಬಿ ಕಂಪನಿ. ‘ಸ್ಟಾರ್ ಆಫ್ ಇಂಡಿಯಾ’ ಎಂಬ ಹೆಸರು ಬಂದದ್ದು 1906ರಲ್ಲಿ. ಆ ಕಂಪನಿಗೆ ಮೀನು ಹಿಡಿಯುತ್ತಿದ್ದವರು ಹೆಚ್ಚಾಗಿ ಸ್ಕ್ಯಾಂಡಿನೇವಿಯಾದವರು ಮತ್ತು ಇಟಲಿಯವರು! ಇಂಡಿಯಾ, ಇಟಲಿ, ಮೀನು ಮೂರೂ ಈ ಹಡಗಿನಲ್ಲಿ ಕೂಡಿಕೊಂಡಿವೆ, ನನ್ನ ಹುಚ್ಚಿಗೆ ಇಷ್ಟು ಕಾರಣ ಸಾಕಲ್ಲ. 1927ರಲ್ಲಿ ಸ್ಯಾನ್ ಡಿಯೇಗೊಗೆ ಎಳೆದುತಂದ ಮೇಲೆ ಮೂರು ದಶಕ ತುಕ್ಕು ಹಿಡಿಯುತ್ತ ಬಿದ್ದಿತ್ತು. ಕಡಲಯಾನದ ಲೇಖಕ ಅಲನ್ ವಿಲಿಯರ್ಸ್ ಬಂದು ಊರವರನ್ನು ತರಾಟೆಗೆ ತೆಗೆದುಕೊಂಡ ನಂತರ ದುರಸ್ತಿ ಶುರುವಾಯಿತು. 1976ರ ಜುಲೈ 4ರಂದು ಹಾಯಿ ಬಿಚ್ಚಿ ಮತ್ತೆ ಕಡಲಿಗೆ ಹೋಯಿತು. ಈಗ ಸಾಗರ ವಸ್ತುಸಂಗ್ರಹಾಲಯದ ಟಿಕೆಟ್ ಕೊಂಡರೆ ಹತ್ತಿ ನೋಡಬಹುದು. ಬಂಗಾಳಕೊಲ್ಲಿಯ ಆ ಬಿರುಗಾಳಿಯನ್ನು ತಡೆದ ಕಬ್ಬಿಣದ ಮೈ ಅದೇ. ನಾನು ಮುಟ್ಟಿ ಮುಟ್ಟಿ ನೋಡಿದೆ.

ಮಧ್ಯಾಹ್ನ ಕೇರಿಯ ಚೌಕಕ್ಕೆ ಮರಳಿದಾಗ ನಮ್ಮನ್ನು ನಡೆಸಿದಾಕೆ ಕಾಫಿ ಕುಡಿಯುತ್ತಿದ್ದಳು, ಕರೆದು ಕೂರಿಸಿದಳು. ನಿಮ್ಮ ಸೀಮೆಗೆ ಇಟಲಿಯವರು ಯಾರಾದರೂ ಬಂದಿದ್ದರೇ ಎಂದು ಕೇಳಿದಳು. ರೋಮ್‌ನ ಪಿಯೆತ್ರೊ ದೆಲ್ಲಾ ವಾಲ್ಲೆ 1623ರಲ್ಲಿ ಗೇರುಸೊಪ್ಪೆಯ ಮೇಲೆ ಘಟ್ಟ ಹತ್ತಿ ಇಕ್ಕೇರಿಗೆ ಬಂದದ್ದು, ಮಕ್ಕಳು ನೆಲದ ಮರಳಿನ ಮೇಲೆ ಬರೆದು ರಾಗವಾಗಿ ಲೆಕ್ಕ ಕಲಿಯುವುದನ್ನು ನಿಂತು ನೋಡಿದ್ದು ಹೇಳಿದೆ. ಮಂಗಳೂರಿನ ಕಡೆ ಉಳ್ಳಾಲದ ರಾಣಿಯನ್ನು ಕಾಣಹೋದರೆ ಆಕೆ ಬರಿಗಾಲಲ್ಲಿ ಬಯಲಿನಲ್ಲಿ ನಿಂತು ಕಾಲುವೆ ತೋಡಿಸುತ್ತಿದ್ದಳಂತೆ. ಅದನ್ನು ಕೇಳಿ ನಮ್ಮನ್ನು ನಡೆಸಿದಾಕೆ ಲೋಟ ಕೆಳಗಿಟ್ಟಳು. ರಾಣಿ ಏನು ಮಾತಾಡಿದಳು, ಆ ಬಯಲು ಈಗಲೂ ಇದೆಯೇ, ಆ ಘಟ್ಟವನ್ನು ಈಗಲೂ ನಡೆದು ಹತ್ತಬಹುದೇ ಎಂದು ಪ್ರಶ್ನೆಯ ಮೇಲೆ ಪ್ರಶ್ನೆ. ಅಕ್ಕನ ಮಗಳು ಫೋನಿನಲ್ಲಿ ಇಕ್ಕೇರಿಯ ಅಘೋರೇಶ್ವರ ದೇವಸ್ಥಾನದ ಚಿತ್ರ ತೆಗೆದು ತೋರಿಸತೊಡಗಿದಳು.